ಐದು ವರ್ಷ ಬೀಗ ಹಾಕಿದ್ದ ಸರ್ಕಾರಿ ಶಾಲೆಗಳು: ವರ್ಜೀನಿಯಾದ ಪ್ರಿನ್ಸ್ ಎಡ್ವರ್ಡ್ ಕೌಂಟಿ ಬಗ್ಗೆ ಯಾರಿಗಾದರೂ ಗೊತ್ತಾ?

ರಿಚ್‌ಮಂಡ್_ರಾಘು:

ಮಗಳು ಈಗ ನಾಲ್ಕನೇ ಕ್ಲಾಸು. ಇಲ್ಲಿ ನಾಲ್ಕನೇ ಕ್ಲಾಸಿಗೆ ವರ್ಜೀನಿಯಾ ಸ್ಟಡೀಸ್ ಅಂತ ಒಂದು ಸಬ್ಜೆಕ್ಟ್ ಇದೆ. ಜೇಮ್ಸ್‌ಟೌನ್‌ನಿಂದ ಶುರು ಮಾಡಿ, ಹೊಗೆಸೊಪ್ಪು, ಗುಲಾಮಗಿರಿ, ಅಂತರ್ಯುದ್ಧ ಎಲ್ಲ ದಾಟಿ ವರ್ಷದ ಕೊನೆಗೆ ನಾಗರಿಕ ಹಕ್ಕುಗಳ ಪಾಠಕ್ಕೆ ಬರುತ್ತಾರೆ. ಹೋದ ವಾರ ಅವಳನ್ನು ಟೆಸ್ಟಿಗೆ ಓದಿಸಲು ಕೂತಿದ್ದೆ. 'ಮ್ಯಾಸಿವ್ ರೆಸಿಸ್ಟೆನ್ಸ್' ಅಂದರೇನು ಅಂತ ಪ್ರಶ್ನೆ. ಅವಳು ಗಿಳಿಪಾಠ ಒಪ್ಪಿಸಿದಳು: ಕಪ್ಪು ಮಕ್ಕಳು, ಬಿಳಿ ಮಕ್ಕಳು ಒಂದೇ ಶಾಲೆಯಲ್ಲಿ ಓದಬಾರದು ಅಂತ ಕೆಲವು ಕಡೆ ಶಾಲೆಗಳನ್ನೇ ಮುಚ್ಚಿದರು.

"ಎಷ್ಟು ದಿನ ಮುಚ್ಚಿದ್ರು ಪುಟ್ಟಾ?" ಅಂದೆ. ಅವಳಿಗೆ ಗೊತ್ತಿರಲಿಲ್ಲ. ನನಗೂ ಗೊತ್ತಿರಲಿಲ್ಲ. ಹದಿನಾಲ್ಕು ವರ್ಷದಿಂದ ಇದೇ ರಾಜ್ಯದಲ್ಲಿ ಇದ್ದೇನೆ.

ಶನಿವಾರ ಗಾಡಿ ತೆಗೆದುಕೊಂಡು ಫಾರ್ಮ್‌ವಿಲ್‌ಗೆ ಹೋದೆವು. ರಿಚ್‌ಮಂಡ್‌ನಿಂದ ಒಂದೂಕಾಲು ಗಂಟೆ ದಾರಿ. ಪ್ರಿನ್ಸ್ ಎಡ್ವರ್ಡ್ ಕೌಂಟಿಯ (ಕೌಂಟಿ ಅಂದರೆ ನಮ್ಮ ಜಿಲ್ಲೆ ಇದ್ದ ಹಾಗೆ) ಮುಖ್ಯ ಊರು ಅದು. ಹಳೆಯ ಹೊಗೆಸೊಪ್ಪಿನ ಊರು. ಅಲ್ಲಿ ಒಂದು ಇಟ್ಟಿಗೆ ಕಟ್ಟಡ ಇದೆ, ರಾಬರ್ಟ್ ರಸ್ಸಾ ಮೋಟನ್ ಹೈಸ್ಕೂಲ್. ಈಗ ಮ್ಯೂಸಿಯಂ.

ಕಟ್ಟಿದ್ದು 1939ರಲ್ಲಿ, ಕಪ್ಪು ಮಕ್ಕಳಿಗೆ. ಸುಮಾರು 180 ಜನಕ್ಕೆ ಸಾಕಾಗುವಷ್ಟು ಜಾಗ. 1950ರ ಹೊತ್ತಿಗೆ ಅಲ್ಲಿ 450ಕ್ಕೂ ಜಾಸ್ತಿ ಮಕ್ಕಳಿದ್ದರು. ಅಪ್ಪ ಅಮ್ಮಂದಿರು ಹೊಸ ಕಟ್ಟಡ ಕೇಳಿದರೆ, ಕೌಂಟಿಯವರು ಅಂಗಳದಲ್ಲಿ ಶೆಡ್ಡು ಹಾಕಿಕೊಟ್ಟರು. ಮರದ ಚೌಕಟ್ಟು, ಅದಕ್ಕೆ ಡಾಂಬರು ಮೆತ್ತಿದ ಕಾಗದ. ಅಷ್ಟೇ. ನೋಡಿದವರಿಗೆ ಕೋಳಿಗೂಡಿನ ಹಾಗೆ ಕಾಣುತ್ತಿತ್ತಂತೆ. ಮಳೆ ಬಂದರೆ ಸೋರುವುದು. ಚಳಿಗೆ ಒಂದು ಒಲೆ. ಒಲೆ ಪಕ್ಕ ಕೂತವನಿಗೆ ಬೆವರು, ದೂರ ಕೂತವನು ಕೋಟು ಹಾಕಿಕೊಂಡೇ ಬರೆಯಬೇಕು. ಬಿಳಿ ಮಕ್ಕಳ ಶಾಲೆಯಲ್ಲಿ ಓಡಿಸಿ ಹಳೆಯದಾದ ಬಸ್ಸುಗಳು ಇವರಿಗೆ.

1951ರ ಏಪ್ರಿಲ್ 23. ಹೆಡ್‌ಮಾಸ್ಟರಿಗೆ ಒಂದು ಫೋನ್ ಬಂತು: ನಿಮ್ಮ ಹುಡುಗರು ಬಸ್ ಸ್ಟೇಷನ್ ಹತ್ತಿರ ಪೊಲೀಸರ ಕೈಗೆ ಸಿಕ್ಕಿದ್ದಾರೆ, ಬೇಗ ಬನ್ನಿ. ಅವರು ಓಡಿದರು. ಸುಳ್ಳು ಫೋನು, ಮಾಡಿದ್ದು ಹುಡುಗರೇ. ಅಷ್ಟರಲ್ಲಿ ಎಲ್ಲ ಕ್ಲಾಸಿಗೂ ಚೀಟಿ ಹೋಯಿತು: ಮಕ್ಕಳನ್ನು ಸಭಾಂಗಣಕ್ಕೆ ಕರೆತನ್ನಿ. ಕೆಳಗೆ 'ಜೆ' ಅಂತ ಸಹಿ. ಹೆಡ್‌ಮಾಸ್ಟರ ಹೆಸರು ಜೋನ್ಸ್. ಚೀಟಿ ಹಿಂದಿದ್ದ ಹುಡುಗಿಯ ಹೆಸರು ಬಾರ್ಬರಾ ಜಾನ್ಸ್! 16 ವರ್ಷ. ಪರದೆ ಸರಿದಾಗ ವೇದಿಕೆ ಮೇಲೆ ಹೆಡ್‌ಮಾಸ್ಟರ್ ಇಲ್ಲ, ಇವಳು ನಿಂತಿದ್ದಾಳೆ. ಟೀಚರುಗಳಿಗೆ ದಯವಿಟ್ಟು ಹೊರಗೆ ಹೋಗಿ ಅಂದಳು. ಗಲಾಟೆ ಆದಾಗ ಕಾಲಿನ ಶೂ ಬಿಚ್ಚಿ ಬಡಿದಳಂತೆ. ಅಂದು ಇಡೀ ಶಾಲೆ ಮುಷ್ಕರಕ್ಕೆ ಇಳಿಯಿತು. ಎರಡು ವಾರ ನಡೆಯಿತು.

ಆ ವೇದಿಕೆ ಈಗಲೂ ಇದೆ. ನನ್ನ ಮಗಳು ಅದರ ಮುಂದೆ ನಿಂತು ಒಂದು ಶೂ ಬಿಚ್ಚಿದಳು. ಅವಳಮ್ಮ ಹಾಕಿಕೊಳ್ಳೇ ಅಂತ ಗದರಿದಳು.

ಇಷ್ಟು ಪೀಠಿಕೆ. ನನ್ನ ತಲೆ ಕೊರೆಯುತ್ತಿರುವುದು ಮುಷ್ಕರ ಅಲ್ಲ, 1959. ಆ ವರ್ಷ ಈ ಕೌಂಟಿಯಲ್ಲಿ ಸರ್ಕಾರಿ ಶಾಲೆಗಳೆಲ್ಲ ಮುಚ್ಚಿದವು. ತೆರೆದದ್ದು 1964ರಲ್ಲಿ. ಐದು ವರ್ಷ! ಕಪ್ಪು, ಬಿಳಿ ಮಕ್ಕಳಿಗೆ ಬೇರೆ ಬೇರೆ ಸರ್ಕಾರಿ ಶಾಲೆ ಇರಬಾರದು ಅಂತ ಸುಪ್ರೀಂ ಕೋರ್ಟ್ ತೀರ್ಪು ಬಂದಿದ್ದು 1954ರಲ್ಲೇ. ಹಾಗಾದರೆ ಮುಚ್ಚಲು ಸಾಧ್ಯ ಆಗಿದ್ದು ಹೇಗೆ? ತಿಳಿದವರು ಹೇಳಿ.

ಮಲ್ನಾಡ್_ಮಂಜ:

ಅಯ್ಯೋ, ಫಾರ್ಮ್‌ವಿಲ್‌ಗೆ ಮೂರು ಸಲ ಹೋಗಿದ್ದೇನೆ. ಹೈ ಬ್ರಿಜ್ ಮೇಲೆ ಸೈಕಲ್ ಹೊಡೆಯಲು. ಹಳೇ ರೈಲ್ವೆ ಹಳಿ ತೆಗೆದು ಟ್ರೇಲ್ ಮಾಡಿದ್ದಾರೆ, ಸೇತುವೆ ಮೇಲೆ ನಿಂತರೆ ಕೆಳಗೆ ಅಪೊಮ್ಯಾಟಾಕ್ಸ್ ನದಿ. ಅಂತರ್ಯುದ್ಧದ ಕೊನೆ ವಾರದಲ್ಲಿ ದಕ್ಷಿಣದ ಗುಲಾಮಗಿರಿ ರಾಜ್ಯಗಳ ಸೇನಾಪತಿ ಜನರಲ್ ಲೀ ಸೈನ್ಯ ಓಡಿಹೋದ ದಾರಿ ಅಂತ ಬೋರ್ಡ್ ಹಾಕಿದ್ದಾರೆ. ಅದನ್ನು ನಿಂತು ಓದಿದ್ದೇನೆ. ಈ ಮ್ಯೂಸಿಯಂ ಇರುವುದೇ ಗೊತ್ತಿರಲಿಲ್ಲ ಗುರೂ.

ತುಮಕೂರು_ಮೇಷ್ಟ್ರು:

ರಾಘು ಅವರೇ, ಮೂವತ್ತಮೂರು ವರ್ಷ ಪ್ರೌಢಶಾಲೆಯಲ್ಲಿ ಪಾಠ ಮಾಡಿ ನಿವೃತ್ತಿ ಆದವನು ನಾನು. ಮಗನ ಮನೆಗೆ ಬಂದಾಗ ಇದೆಲ್ಲ ಓದುತ್ತಾ ಕೂರುತ್ತೇನೆ. ಒಂದು ಅರ್ಥ ಆಗುತ್ತಿಲ್ಲ. ನಮ್ಮಲ್ಲಿ ಮೇಷ್ಟ್ರ ಸಂಬಳ ರಾಜ್ಯ ಸರ್ಕಾರದ್ದು. ಜಿಲ್ಲಾ ಪಂಚಾಯಿತಿಗೆ ಸಿಟ್ಟು ಬಂದರೂ ಜಿಲ್ಲೆಯ ಶಾಲೆಗಳನ್ನೆಲ್ಲ ಮುಚ್ಚಲು ಆಗುವುದಿಲ್ಲ. ಅಲ್ಲಿ ಒಂದು ಕೌಂಟಿ ಹೇಗೆ ಮುಚ್ಚಿತು? ಹಣ ಯಾರದು?

ಆಶ್‌ಬರ್ನ್_ಸುಮಾ:

ಮೇಷ್ಟ್ರೇ, ಸರಿಯಾದ ಜಾಗಕ್ಕೇ ಕೈ ಹಾಕಿದ್ದೀರಿ. ನಾನು ಇಲ್ಲಿ ನಮ್ಮ ಕೌಂಟಿಯ ಬಜೆಟ್ ಮೀಟಿಂಗುಗಳಿಗೆ ಹೋಗುತ್ತಿರುತ್ತೇನೆ, ರಾತ್ರಿ ಹತ್ತರ ತನಕ ಪ್ಲಾಸ್ಟಿಕ್ ಕುರ್ಚಿ ಮೇಲೆ ಕೂತು ಬೆನ್ನು ನೋಯಿಸಿಕೊಂಡ ಅನುಭವ ಇದೆ. ಅದಕ್ಕೇ ಸ್ವಲ್ಪ ಹೇಳುತ್ತೇನೆ.

ವರ್ಜೀನಿಯಾದಲ್ಲಿ ಎರಡು ಬೋರ್ಡ್ ಇವೆ. ಒಂದು ಸ್ಕೂಲ್ ಬೋರ್ಡ್. ಅದು ಶಾಲೆ ನಡೆಸುತ್ತದೆ. ಇನ್ನೊಂದು ಬೋರ್ಡ್ ಆಫ್ ಸೂಪರ್‌ವೈಸರ್ಸ್. ಅದು ಕೌಂಟಿಯನ್ನೇ ನಡೆಸುತ್ತದೆ, ಮನೆ ಜಮೀನಿನ ಮೇಲೆ ಟ್ಯಾಕ್ಸ್ ಹಾಕುತ್ತದೆ, ಹಣ ಹಂಚುತ್ತದೆ. ಅಮೆರಿಕದ ಎಷ್ಟೋ ರಾಜ್ಯಗಳಲ್ಲಿ ಸ್ಕೂಲ್ ಬೋರ್ಡೇ ಟ್ಯಾಕ್ಸ್ ಹಾಕಬಹುದು. ಇಲ್ಲಿ ಆ ಅಧಿಕಾರ ಇಲ್ಲ. ಸ್ಕೂಲ್ ಬೋರ್ಡಿನವರು ಪ್ರತಿ ವರ್ಷ ಸೂಪರ್‌ವೈಸರುಗಳ ಮುಂದೆ ಕೈ ಚಾಚಬೇಕು. ಈಗಲೂ ಹಾಗೇ.

ಈಗ ಪ್ರಿನ್ಸ್ ಎಡ್ವರ್ಡ್‌ಗೆ ಬನ್ನಿ. ಕೋರ್ಟ್ ಎರಡೂ ಕಡೆ ಮಕ್ಕಳನ್ನು ಒಟ್ಟಿಗೆ ಕೂರಿಸಿ ಅನ್ನುವ ದಿನ ಬಂದೇ ಬರುತ್ತದೆ ಅಂತ ಅವರಿಗೆ ಗೊತ್ತಿತ್ತು. ಅದಕ್ಕೆ ಮೊದಲೇ ತಯಾರಿ ಮಾಡಿದರು. ಶಾಲೆಗೆ ಇಡೀ ವರ್ಷದ ಹಣ ಒಟ್ಟಿಗೆ ಕೊಡುವುದನ್ನು ನಿಲ್ಲಿಸಿ ತಿಂಗಳು ತಿಂಗಳು ಕೊಡಲು ಶುರು ಮಾಡಿದರು. ಮನೆ ಖರ್ಚಿಗೆ ಗಂಡ ದಿನಾ ಎಣಿಸಿ ಕೊಡುತ್ತಾನಲ್ಲ, ಹಾಗೆ. ಯಾವಾಗ ಬೇಕಾದರೂ ಕೈ ಬಿಗಿ ಹಿಡಿಯಬಹುದು. 1956ರಲ್ಲಿ ನಾಲ್ಕು ಸಾವಿರಕ್ಕೂ ಹೆಚ್ಚು ಬಿಳಿಯರು ಒಂದು ಮನವಿಗೆ ಸಹಿ ಹಾಕಿದರು: ಮಕ್ಕಳನ್ನು ಒಟ್ಟಿಗೆ ಕೂರಿಸುವುದಾದರೆ ನಮಗೆ ಸರ್ಕಾರಿ ಶಾಲೆಯೇ ಬೇಡ.

1959ರ ಮೇ ತಿಂಗಳಲ್ಲಿ ಫೆಡರಲ್, ಅಂದರೆ ಕೇಂದ್ರದ, ಅಪೀಲು ಕೋರ್ಟ್ ಹೇಳಿತು, ಬರುವ ಸೆಪ್ಟೆಂಬರಿನಿಂದ ಬೇರೆ ಬೇರೆ ಕೂರಿಸುವಂತಿಲ್ಲ. ಜೂನ್‌ನಲ್ಲಿ ಸೂಪರ್‌ವೈಸರುಗಳು ಬಜೆಟ್‌ಗೆ ಕೂತರು. ಶಾಲೆಗೆ ಹಣ ಇಡಲಿಲ್ಲ. ಶಾಲೆಗಾಗಿ ಟ್ಯಾಕ್ಸೂ ಹಾಕಲಿಲ್ಲ. ಅಷ್ಟೇ ನೋಡಿ. ಯಾರೂ ಶಾಲೆ ಬಾಗಿಲಲ್ಲಿ ಬಂದೂಕು ಹಿಡಿದು ನಿಲ್ಲಲಿಲ್ಲ. 1957ರಲ್ಲಿ ಅರ್ಕಾನ್ಸಾದ ಲಿಟಲ್ ರಾಕ್‌ನಲ್ಲಿ ಕಪ್ಪು ಮಕ್ಕಳು ಬಿಳಿಯರ ಶಾಲೆಗೆ ಹೋದಾಗ ತೆಗೆದ ಫೋಟೋಗಳ ಹಾಗೆ ಕಿರುಚುವ ಜನ ಇಲ್ಲ. ಲೆಕ್ಕದ ಪುಸ್ತಕದಲ್ಲಿ ಒಂದು ಸಾಲು ಖಾಲಿ ಬಿಟ್ಟರು. ಸೆಪ್ಟೆಂಬರ್ ಬಂದಾಗ ಗೇಟಿಗೆ ಸರಪಳಿ.

ನನಗೆ ಭಯ ಆಗುವುದು ಅದೇ. ಅದು ಅಷ್ಟು ಸದ್ದಿಲ್ಲದೆ ನಡೆಯಿತು.

ಮಲ್ನಾಡ್_ಮಂಜ:

ಬಿಳಿ ಮಕ್ಕಳು ಏನು ಮಾಡಿದರು? ಅವರಿಗೂ ಶಾಲೆ ಇಲ್ಲ ತಾನೇ?

ಆಶ್‌ಬರ್ನ್_ಸುಮಾ:

ಅವರಿಗೆ ಖಾಸಗಿ ಶಾಲೆ ಮೊದಲೇ ರೆಡಿ ಇತ್ತು ಮಂಜು. ಪ್ರಿನ್ಸ್ ಎಡ್ವರ್ಡ್ ಅಕಾಡೆಮಿ. ಆ ಸೆಪ್ಟೆಂಬರಿನಲ್ಲೇ ಚರ್ಚುಗಳಲ್ಲಿ, ಸಿಕ್ಕ ಸಿಕ್ಕ ಕಟ್ಟಡಗಳಲ್ಲಿ ಕ್ಲಾಸು ಶುರು. ಪಾಠ ಮಾಡುವವರು ಬಹುಪಾಲು ಸರ್ಕಾರಿ ಶಾಲೆಯ ಅದೇ ಬಿಳಿ ಟೀಚರುಗಳು. ಮೊದಲ ವರ್ಷ ಚಂದಾ ಎತ್ತಿ ನಡೆಸಿದರು, ಫೀಸು ಇರಲಿಲ್ಲ. ಎರಡನೇ ವರ್ಷ ಫೀಸು ಬಂತು. ಫೀಸು ಕಟ್ಟಲು ರಾಜ್ಯ ಮತ್ತು ಕೌಂಟಿಯಿಂದ ಗ್ರಾಂಟು! ಅಕಾಡೆಮಿಗೆ ದೇಣಿಗೆ ಕೊಟ್ಟರೆ ಕೌಂಟಿ ಟ್ಯಾಕ್ಸಿನಲ್ಲಿ ವಿನಾಯಿತಿ ಬೇರೆ. ಸರ್ಕಾರಿ ಶಾಲೆಗೆ ಇಲ್ಲದ ಹಣ ಇದಕ್ಕೆ ಎಲ್ಲಿಂದ ಬಂತು ಅಂತ ಕೇಳಬೇಡಿ. 1961ರಲ್ಲಿ ಫೆಡರಲ್ ಜಡ್ಜ್ ಅದನ್ನು ನಿಲ್ಲಿಸಿದರು. ಆಮೇಲೆ ಕೆಲವು ಬಡ ಬಿಳಿ ಮನೆಗಳಿಗೂ ಕಷ್ಟ ಆಯಿತು.

ನೇರನುಡಿ:

ಎಲ್ಲರೂ ಒಂದೇ ರಾಗ ಹಾಡುತ್ತಿದ್ದೀರಿ, ಸ್ವಲ್ಪ ಬೇರೆ ಹೇಳುತ್ತೇನೆ. ಬೈಯಬೇಡಿ. ಟ್ಯಾಕ್ಸ್ ಕಟ್ಟುತ್ತಿದ್ದವರಲ್ಲಿ ಜಾಸ್ತಿ ಬಿಳಿಯರು. ಅವರು ಚುನಾಯಿಸಿದ ಬೋರ್ಡ್. ಅವರಿಗೆ ಶಾಲೆ ಬೇಡ ಅಂದರೆ ಬೇಡ. ಮಾಡಿದ್ದು ಒಳ್ಳೆಯದು ಅಂತ ನಾನು ಹೇಳುತ್ತಿಲ್ಲ. ಆದರೆ ಊರಿನ ಜನರ ತೀರ್ಮಾನ ಊರಿನ ಜನರದ್ದು ಅನ್ನುವ ಮಾತಿಗೆ ಬೆಲೆ ಇಲ್ಲವಾ? ಅದೂ ಅಲ್ಲದೆ ಅರವತ್ತು ವರ್ಷದ ಹಳೆ ಕತೆ. ನಾವು ಹೊರಗಿನಿಂದ ಬಂದವರು ಅದನ್ನು ಕೆದಕಿ ಏನು ಮಾಡಬೇಕು?

ಲಾಯರ್_ಲತಾ:

ನೇರನುಡಿ ಅವರೇ, ನೀವು ಹೇಳಿದ ವಾದವನ್ನೇ ಕೌಂಟಿಯ ವಕೀಲರು ಕೋರ್ಟಿನಲ್ಲಿ ಮಾಡಿದ್ದು. 'ನಾವು ಯಾರಿಗೂ ಭೇದ ಮಾಡುತ್ತಿಲ್ಲ, ಎಲ್ಲರಿಗೂ ಮುಚ್ಚಿದ್ದೇವೆ.' ಕೇಳಲು ಸರಿ ಅನ್ನಿಸುತ್ತದೆ. ಅದಕ್ಕೇ ಇತ್ಯರ್ಥ ಆಗಲು ಐದು ವರ್ಷ ಹಿಡಿಯಿತು. ಸ್ವಲ್ಪ ಹಿಂದಿನಿಂದ ಹೇಳುತ್ತೇನೆ, ಉದ್ದ ಆದರೆ ಕ್ಷಮಿಸಿ.

ಮುಷ್ಕರದ ಹುಡುಗರು ರಿಚ್‌ಮಂಡ್‌ನ ಇಬ್ಬರು ವಕೀಲರಿಗೆ ಬರೆದರು. ಆಲಿವರ್ ಹಿಲ್, ಸ್ಪಾಟ್ಸ್‌ವುಡ್ ರಾಬಿನ್ಸನ್. ಕಪ್ಪು ಜನರ ಹಕ್ಕುಗಳಿಗೆ ಹೋರಾಡುವ ಎನ್‌ಎಎಸಿಪಿ ಸಂಸ್ಥೆಯ ವಕೀಲರು. ಅವರು ಬಂದು ಹೇಳಿದ್ದು: ಹೊಸ ಕಟ್ಟಡ ಕೊಡಿಸಿ ಅಂತ ಕೇಸು ಹಾಕುವುದಿಲ್ಲ, ಬೇರೆ ಬೇರೆ ಶಾಲೆ ಅನ್ನುವುದನ್ನೇ ತೆಗೆಯಿರಿ ಅಂತ ಹಾಕುತ್ತೇವೆ, ನಿಮ್ಮ ಅಪ್ಪ ಅಮ್ಮ ಒಪ್ಪುತ್ತಾರಾ? ಇದು ಸಣ್ಣ ಮಾತಲ್ಲ. ಆ ಅಪ್ಪಂದಿರು ಬಿಳಿಯರ ಅಂಗಡಿಯಲ್ಲಿ ಸಾಲ ತರುವವರು, ಬಿಳಿಯರ ಬ್ಯಾಂಕಿನಲ್ಲಿ ಜಮೀನು ಇಟ್ಟವರು. ಫಸ್ಟ್ ಬ್ಯಾಪ್ಟಿಸ್ಟ್ ಚರ್ಚಿನಲ್ಲಿ ಸಭೆ ಸೇರಿದರು. ಪಾದ್ರಿ ಫ್ರಾನ್ಸಿಸ್ ಗ್ರಿಫಿನ್ ಬೆನ್ನಿಗೆ ನಿಂತರು. ಮೇ 23ಕ್ಕೆ, ಅಂದರೆ ಮುಷ್ಕರ ಶುರುವಾದ ಸರಿಯಾಗಿ ಒಂದು ತಿಂಗಳಿಗೆ, 117 ಮಕ್ಕಳ ಪರವಾಗಿ ಕೇಸು ದಾಖಲಾಯಿತು. ಪಟ್ಟಿಯಲ್ಲಿ ಮೊದಲ ಹೆಸರು ಡೊರೊತಿ ಡೇವಿಸ್, ಒಂಬತ್ತನೇ ಕ್ಲಾಸಿನ ಹುಡುಗಿ. ಹಾಗಾಗಿ ಕೇಸಿಗೆ ಡೇವಿಸ್ ಅಂತ ಹೆಸರು, ಜಾನ್ಸ್ ಅಂತ ಅಲ್ಲ.

1952ರಲ್ಲಿ ಸೋತರು. ಕೌಂಟಿ ಗಡಿಬಿಡಿಯಲ್ಲಿ 1953ಕ್ಕೆ ಹೊಸ ಹೈಸ್ಕೂಲ್ ಕಟ್ಟಿಕೊಟ್ಟಿತು, ಕಪ್ಪು ಮಕ್ಕಳಿಗೇ. ಚೆನ್ನಾಗಿಯೇ ಕಟ್ಟಿದರು. 'ತೊಗೊಳ್ಳಿ, ಸುಮ್ನಿರಿ' ಅನ್ನುವ ಲೆಕ್ಕ. ಅಪೀಲು ಸುಪ್ರೀಂ ಕೋರ್ಟಿಗೆ ಹೋಗಿ ಕಾನ್ಸಾಸಿನ ಇಂಥದೇ ಬ್ರೌನ್ ಕೇಸಿನ ಜೊತೆ ಸೇರಿತು. ಒಟ್ಟು ಐದು ಕಡೆಯ ಕೇಸುಗಳು. ಮಕ್ಕಳೇ ಶುರು ಮಾಡಿದ ಹೋರಾಟದಿಂದ ಹುಟ್ಟಿದ್ದು ಇದೊಂದೇ. 1954ರ ಮೇ 17ಕ್ಕೆ ಗೆದ್ದರು. ಆದರೆ ಯಾವಾಗ ಜಾರಿ? 1955ರಲ್ಲಿ ಕೋರ್ಟ್ ದಿನಾಂಕ ಕೊಡಲಿಲ್ಲ. 'ಸಮಂಜಸ ವೇಗದಲ್ಲಿ' ಅನ್ನುವ ಅರ್ಥದ ಮಾತು ಬರೆಯಿತು. ವಕೀಲಿ ಮಾಡುವವಳಾಗಿ ಹೇಳುತ್ತೇನೆ, ದಿನಾಂಕ ಇಲ್ಲದ ಆದೇಶ ಸಹಿ ಇಲ್ಲದ ಚೆಕ್ಕು. ಒಂದು ಹಂತದಲ್ಲಿ ಕೆಳಗಿನ ಕೋರ್ಟಿನ ಜಡ್ಜ್ ಪ್ರಿನ್ಸ್ ಎಡ್ವರ್ಡ್‌ಗೆ 1965ರ ತನಕ ಟೈಮ್ ಕೊಟ್ಟರು! ಅದನ್ನು ರದ್ದು ಮಾಡಿದ್ದೇ ಸುಮಾ ಹೇಳಿದ 1959ರ ಮೇ ತಿಂಗಳ ಆದೇಶ.

ಈ ನಡುವೆ ಸೆನೆಟರ್ ಹ್ಯಾರಿ ಬರ್ಡ್ 1956ರಲ್ಲಿ ಮ್ಯಾಸಿವ್ ರೆಸಿಸ್ಟೆನ್ಸ್‌ಗೆ ಕರೆ ಕೊಟ್ಟಿದ್ದರು. 1958ರಲ್ಲಿ ಗವರ್ನರ್ ಅಲ್ಮಂಡ್ ನಾರ್ಫೋಕ್, ಶಾರ್ಲಟ್ಸ್‌ವಿಲ್, ಫ್ರಂಟ್ ರಾಯಲ್‌ನಲ್ಲಿ ಶಾಲೆ ಮುಚ್ಚಿಸಿದರು. 1959ರ ಜನವರಿ 19ರಂದು ಒಂದೇ ದಿನ ರಾಜ್ಯದ ಸುಪ್ರೀಂ ಕೋರ್ಟೂ ಫೆಡರಲ್ ಕೋರ್ಟೂ ಅದನ್ನು ತಪ್ಪು ಅಂದವು. ಆ ಊರುಗಳಲ್ಲಿ ಶಾಲೆ ತೆರೆದವು. ಎಲ್ಲರೂ ಮುಗಿಯಿತು ಅಂದುಕೊಂಡರು. ಆಗ ಪ್ರಿನ್ಸ್ ಎಡ್ವರ್ಡ್ ಹೊಸ ದಾರಿ ಕಂಡುಕೊಂಡಿತು. ಅಲ್ಲಿ ಮುಚ್ಚಿದ್ದು ರಾಜ್ಯದ ಕಾನೂನು. ಇಲ್ಲಿ ಮುಚ್ಚಿದ್ದು ಕೌಂಟಿಯ ಬಜೆಟ್. ಕಾನೂನನ್ನು ಕೋರ್ಟ್ ಹೊಡೆದು ಹಾಕಬಹುದು. ಇಡದೇ ಇದ್ದ ಹಣವನ್ನು ಏನು ಮಾಡುವುದು?

ಉತ್ತರ ಬಂದಿದ್ದು 1964ರ ಮೇ 25ಕ್ಕೆ. ಗ್ರಿಫಿನ್ ಕೇಸು, ಅದೇ ಪಾದ್ರಿಯ ಮಕ್ಕಳ ಹೆಸರಲ್ಲಿ. ತೀರ್ಪು ಬರೆದವರು ಜಸ್ಟಿಸ್ ಹ್ಯೂಗೋ ಬ್ಲ್ಯಾಕ್, ಸ್ವತಃ ಅಲಬಾಮಾದವರು. ಪಕ್ಕದ ಕೌಂಟಿಗಳಲ್ಲಿ ಸರ್ಕಾರಿ ಶಾಲೆ ನಡೆಯುತ್ತಿರುವಾಗ ಇಲ್ಲಿ ಮಾತ್ರ ಮುಚ್ಚಿ, ಬಿಳಿ ಮಕ್ಕಳ ಖಾಸಗಿ ಶಾಲೆಗೆ ಸಹಾಯ ಮಾಡಿದ್ದು ಜನಾಂಗದ ಕಾರಣಕ್ಕೇ, ಬೇರೆ ಯಾವ ಕಾರಣಕ್ಕೂ ಅಲ್ಲ ಅಂದರು. ಬೇಕಾದರೆ ಟ್ಯಾಕ್ಸ್ ಹಾಕಿ ಶಾಲೆ ನಡೆಸಿ ಅಂತ ಸೂಪರ್‌ವೈಸರುಗಳಿಗೆ ಫೆಡರಲ್ ಜಿಲ್ಲಾ ಕೋರ್ಟ್ ಆದೇಶ ಮಾಡಬಹುದು ಅಂತಲೂ ಬರೆದರು. ಮುಚ್ಚಿದ್ದು ತಪ್ಪು ಅನ್ನುವುದಕ್ಕೆ ಒಂಬತ್ತೂ ಜಡ್ಜುಗಳು ಒಪ್ಪಿದರು. ತೆರೆಯಿರಿ ಅಂತ ಕೋರ್ಟ್ ಹೇಳಬಹುದು ಅನ್ನುವುದಕ್ಕೆ ಮಾತ್ರ ಇಬ್ಬರು ಒಪ್ಪಲಿಲ್ಲ. ಆ ಇಬ್ಬರ ಅನುಮಾನವೇ ನಿಮ್ಮ ಪ್ರಶ್ನೆಗೆ ಹತ್ತಿರ ಇರುವುದು, ನೇರನುಡಿ ಅವರೇ. ಹಾಗಾಗಿ ನಿಮ್ಮ ಪ್ರಶ್ನೆ ದಡ್ಡ ಪ್ರಶ್ನೆ ಅಲ್ಲ. ಆದರೆ ಆ ಊರಿನ ಕಪ್ಪು ಜನ ಕೂಡ ಊರಿನ ಜನ ತಾನೇ? ಅವರೂ ಟ್ಯಾಕ್ಸ್ ಕಟ್ಟುತ್ತಿದ್ದರು.

ನೇರನುಡಿ:

ಕೊನೇ ಎರಡು ಸಾಲಿಗೆ ಉತ್ತರ ಇಲ್ಲ ಮೇಡಂ. ಒಪ್ಪಿದೆ. ಆದರೆ 'ಹೊರಗಿನವರು ಏಕೆ ಕೆದಕಬೇಕು' ಅನ್ನುವುದು ಹಾಗೇ ಉಳಿಯಿತು.

ರಿಚ್‌ಮಂಡ್_ರಾಘು:

ಅದಕ್ಕೆ ನಾನು ಹೇಳುತ್ತೇನೆ. ಮನೆ ಕೊಳ್ಳುವಾಗ ನಾವೆಲ್ಲ ಮೊದಲು ಏನು ನೋಡಿದೆವು? ಸ್ಕೂಲ್ ರೇಟಿಂಗ್. ಯಾವ ಬೀದಿ ಯಾವ ಶಾಲೆಗೆ ಸೇರುತ್ತದೆ ಅಂತ ಮ್ಯಾಪ್ ಇಟ್ಟುಕೊಂಡು ಕೂತಿದ್ದೆವು. ನಮ್ಮ ವಾಟ್ಸಾಪ್ ಗ್ರೂಪಿನಲ್ಲಿ ವಾರಕ್ಕೊಮ್ಮೆ ಅದೇ ಚರ್ಚೆ. ಈ ಊರಿನ ಶಾಲೆ ಒಳ್ಳೆಯದು, ಆ ಊರಿನದು ಬೇಡ ಅನ್ನುವಾಗ, ಹಾಗೆ ಆಗಿದ್ದು ಏಕೆ ಅಂತ ಯಾರೂ ಕೇಳುವುದಿಲ್ಲ. ನಾನೂ ಕೇಳಿಲ್ಲ. ಇಲ್ಲಿ ಟ್ಯಾಕ್ಸ್ ಕಟ್ಟಿ, ಇಲ್ಲೇ ಮಕ್ಕಳನ್ನು ಓದಿಸಿ, ಹೊರಗಿನವರು ಅಂದರೆ ಹೇಗೆ?

ಇನ್ನೊಂದು. ವಾಪಸ್ ಬರುವಾಗ ಕಾರಿನಲ್ಲಿ ನನ್ನ ಹೆಂಡತಿ ಲೆಕ್ಕ ಹಾಕಿದಳು. ನಮ್ಮ ಮಗಳಿಗೆ ಈಗ ಒಂಬತ್ತು. 1959ರಲ್ಲಿ ಒಂಬತ್ತಾಗಿದ್ದರೆ ಶಾಲೆ ತೆರೆಯುವಾಗ ಹದಿನಾಲ್ಕು. ನಾಲ್ಕನೇ ಕ್ಲಾಸಿನಿಂದ ಎದ್ದು ಹೋದವಳು ಹದಿನಾಲ್ಕಕ್ಕೆ ಬಂದು ಎಲ್ಲಿ ಕೂರಬೇಕು? ಮಗನಿಗೆ ಈಗ ಆರು. ಅವನು ಮೊದಲ ಸಲ ಶಾಲೆ ನೋಡುವುದೇ ಹನ್ನೊಂದಕ್ಕೆ. 1959ರಲ್ಲಿ ಹದಿನೈದು ಹದಿನಾರು ಆಗಿದ್ದವರಂತೂ ಮತ್ತೆ ಬರಲೇ ಇಲ್ಲ. ಒಟ್ಟು ಸುಮಾರು 1,700 ಕಪ್ಪು ಮಕ್ಕಳು. ಆಮೇಲೆ ಇಬ್ಬರೂ ಮಾತಾಡಲಿಲ್ಲ. ಹಿಂದಿನ ಸೀಟಿನಲ್ಲಿ ಇವರಿಬ್ಬರೂ ಚಿಪ್ಸ್ ಪ್ಯಾಕೆಟ್ಟಿಗೆ ಕಿತ್ತಾಡುತ್ತಿದ್ದರು.

ರ್‍ಯಾಲಿ_ಕಿರಣ:

ನಾರ್ತ್ ಕ್ಯಾರೊಲೈನಾದಿಂದ ನಮಸ್ಕಾರ. ಆ ಮಕ್ಕಳಲ್ಲಿ ಕೆಲವರು ನಮ್ಮ ಕಡೆ ಬಂದಿದ್ದರು. ಇಲ್ಲಿ ಕಿಟ್ರೆಲ್ ಕಾಲೇಜು ಅಂತ ಕಪ್ಪು ಜನರ ಒಂದು ಸಣ್ಣ ಕಾಲೇಜು ಇತ್ತು. ಮೊದಲ ವರ್ಷವೇ ಹೈಸ್ಕೂಲಿನ ಸುಮಾರು ಅರವತ್ತು ಮಕ್ಕಳನ್ನು ಅಲ್ಲಿ ಸೇರಿಸಿಕೊಂಡರು. ಕ್ರೈಸ್ತರಲ್ಲಿ ಕ್ವೇಕರ್ ಅನ್ನುವ ಪಂಥದವರ ಸಂಸ್ಥೆಯೊಂದು ಇನ್ನಷ್ಟು ಮಕ್ಕಳನ್ನು ಬೇರೆ ರಾಜ್ಯಗಳಲ್ಲಿ ಪರಿಚಯವೇ ಇಲ್ಲದವರ ಮನೆಗಳಲ್ಲಿ ಇರಿಸಿ ಓದಿಸಿತು. ಕೆಲವರು ಪಕ್ಕದ ಕೌಂಟಿಯ ಅಜ್ಜಿ, ಅತ್ತೆ ಮನೆ ವಿಳಾಸ ಕೊಟ್ಟು ಕಂಬರ್ಲೆಂಡ್, ಅಪೊಮ್ಯಾಟಾಕ್ಸ್ ಕಡೆ ಸೇರಿಕೊಂಡರು. ಊರಲ್ಲೇ ಉಳಿದವರಿಗೆ ಚರ್ಚಿನ ನೆಲಮಾಳಿಗೆಯಲ್ಲಿ ಹೆಂಗಸರು ಅಕ್ಷರ, ಲೆಕ್ಕ ಹೇಳಿಕೊಡುತ್ತಿದ್ದರು. ಅದನ್ನು ಶಾಲೆ ಅಂತ ಕರೆಯಬಾರದು ಅಂತ ಹಟ ಹಿಡಿದಿದ್ದರಂತೆ. ಶಾಲೆ ಅಂದರೆ 'ನಿಮಗೂ ಶಾಲೆ ಇದೆಯಲ್ಲ' ಅಂದುಬಿಡುತ್ತಾರೆ ಅಂತ.

ಜಾಸ್ತಿ ಜನ ಮಾತ್ರ ಎಲ್ಲೂ ಹೋಗಲಿಲ್ಲ. ಹೊಗೆಸೊಪ್ಪಿನ ಹೊಲಕ್ಕೆ ಹೋದರು.

ತುಮಕೂರು_ಮೇಷ್ಟ್ರು:

ಕಿರಣ್, ಆ ನೆಲಮಾಳಿಗೆಯ ವಿಷಯ ಓದಿ ಸ್ವಲ್ಪ ಹೊತ್ತು ಸುಮ್ಮನೆ ಕೂತೆ.

ಎರಡು ಪ್ರಶ್ನೆ. ಆ ಕಪ್ಪು ಟೀಚರುಗಳ ಗತಿ ಏನಾಯಿತು? ಮತ್ತು ಆ ಬಾರ್ಬರಾ ಮಗು?

ಆಶ್‌ಬರ್ನ್_ಸುಮಾ:

ಟೀಚರುಗಳ ಕೆಲಸ ಹೋಯಿತು ಮೇಷ್ಟ್ರೇ. ಬಹಳ ಜನ ಬೇರೆ ಊರಿಗೆ ಕೆಲಸ ಹುಡುಕಿಕೊಂಡು ಹೋದರು. ಮೋಟನ್ ಹೆಡ್‌ಮಾಸ್ಟರ್ ಜೋನ್ಸ್ ಕೆಲಸವಂತೂ ಮುಷ್ಕರದ ವರ್ಷವೇ ಹೋಗಿತ್ತು. ಅವರಿಗೆ ಮೊದಲೇ ಗೊತ್ತಿತ್ತು ಅಂತ ಬೋರ್ಡಿಗೆ ಅನುಮಾನ.

ಬಾರ್ಬರಾಗೆ ಬೆದರಿಕೆ ಬಂತು. ಮನೆಯವರು ಅಲಬಾಮಾದ ಮಾಂಟ್‌ಗಮರಿಗೆ ದೊಡ್ಡಪ್ಪನ ಮನೆಗೆ ಕಳಿಸಿದರು. ದೊಡ್ಡಪ್ಪ ಯಾರು ಗೊತ್ತಾ? ಪಾದ್ರಿ ವರ್ನನ್ ಜಾನ್ಸ್. ಡೆಕ್ಸ್‌ಟರ್ ಅವೆನ್ಯೂ ಚರ್ಚಿನಲ್ಲಿ ಅವರು ಬಿಟ್ಟ ಜಾಗಕ್ಕೆ ಬಂದವರೇ ಮಾರ್ಟಿನ್ ಲೂಥರ್ ಕಿಂಗ್. ರೋಸಾ ಪಾರ್ಕ್ಸ್ ಅದೇ ಊರಿನ ಬಸ್ಸಿನಲ್ಲಿ ಬಿಳಿಯರಿಗೆ ಸೀಟು ಬಿಟ್ಟುಕೊಡಲ್ಲ ಅಂದ ಘಟನೆ ನಡೆದದ್ದು 1955ರ ಡಿಸೆಂಬರಿನಲ್ಲಿ. ಇವಳು ಶೂ ಬಡಿದಿದ್ದು ಅದಕ್ಕಿಂತ ನಾಲ್ಕು ವರ್ಷ ಮೊದಲು. ಆಮೇಲೆ ಮದುವೆ ಆಗಿ ಫಿಲಡೆಲ್ಫಿಯಾದಲ್ಲಿ ಲೈಬ್ರೇರಿಯನ್ ಆಗಿದ್ದರು. 1991ರಲ್ಲಿ ತೀರಿಕೊಂಡರು. ಜೀವನಪೂರ್ತಿ ದೊಡ್ಡ ಸದ್ದು ಮಾಡಲಿಲ್ಲ.

ಅವರು ಬರೆದಿಟ್ಟ ಒಂದು ನೆನಪು ನನಗೆ ಬಹಳ ಇಷ್ಟ. ಒಂದು ಬೆಳಿಗ್ಗೆ ತಮ್ಮ ತಂಗಿಯರನ್ನು ಬಸ್ಸಿಗೆ ಹೊರಡಿಸುವ ಗಡಿಬಿಡಿಯಲ್ಲಿ ತನ್ನ ಊಟದ ಡಬ್ಬಿ ಮರೆತಳು. ತರಲು ಓಡಿ ಹೋಗಿ ಬರುವಷ್ಟರಲ್ಲಿ ಬಸ್ಸು ಹೋಗಿಬಿಟ್ಟಿತು. ರಸ್ತೆ ಬದಿಯಲ್ಲಿ ನಿಂತಿದ್ದಾಗ ಬಿಳಿ ಮಕ್ಕಳ ಶಾಲಾ ಬಸ್ಸು ಬಂತು. ಅರ್ಧ ಖಾಲಿ. ಅವಳ ಮುಂದೆಯೇ ಹಾದು ಹೋಯಿತು. ಮುಷ್ಕರದ ಯೋಚನೆ ಗಟ್ಟಿಯಾದದ್ದು ಅವತ್ತು.

ಮಲ್ನಾಡ್_ಮಂಜ:

ಆ ಖಾಲಿ ಬಸ್ಸು ಕಣ್ಣಿಗೆ ಕಟ್ಟಿದ ಹಾಗಿದೆ ಅಕ್ಕ.

ನೇರನುಡಿ:

ಇನ್ನೊಂದು ಕೇಳುತ್ತೇನೆ. ಆಗ ಕೊಟ್ಟ ಗ್ರಾಂಟು, ಈಗ ಎಲ್ಲರೂ ಮಾತಾಡುವ ಸ್ಕೂಲ್ ವೌಚರ್ (ಖಾಸಗಿ ಶಾಲೆ ಫೀಸಿಗೆ ಸರ್ಕಾರ ಕೊಡುವ ಹಣ) ಎರಡೂ ಒಂದೇನಾ? ನನಗೆ ವೌಚರ್ ಇಷ್ಟ. ಮಗನನ್ನು ಖಾಸಗಿ ಶಾಲೆಗೆ ಕಳಿಸುತ್ತಿದ್ದೇನೆ, ಕೈ ಸುಡುತ್ತಿದೆ.

ಲಾಯರ್_ಲತಾ:

ಒಂದೇ ಅಂದರೆ ಅನ್ಯಾಯ ಆಗುತ್ತದೆ. ಈಗ ವೌಚರ್ ಕೇಳುವವರಲ್ಲಿ ಬಡ ಕಪ್ಪು ಪೋಷಕರೂ ಇದ್ದಾರೆ, ಅವರ ಕಾರಣವೇ ಬೇರೆ. ಈಗಿನ ಕಾನೂನಿನಲ್ಲಿ ಜನಾಂಗ ನೋಡಿ ಮಗುವನ್ನು ಹೊರಗಿಡುವಂತಿಲ್ಲ. ಆದರೆ ದಕ್ಷಿಣದ ರಾಜ್ಯಗಳಲ್ಲಿ ಟ್ಯೂಷನ್ ಗ್ರಾಂಟಿಗೆ, ಅಂದರೆ ಶಾಲಾ ಫೀಸಿನ ಗ್ರಾಂಟಿಗೆ, ಈ ಚರಿತ್ರೆ ಇದೆ. ಅದಕ್ಕೇ ಆ ಪದ ಕೇಳಿದರೆ ಇಲ್ಲಿನ ಹಿರಿಯರ ಕಿವಿ ನೆಟ್ಟಗಾಗುತ್ತದೆ. ಸುಮ್ನೆ ಅಲ್ಲ.

ಒಂದು ಘಟನೆ ಕೇಳಿ. ಸುಪ್ರೀಂ ಕೋರ್ಟಿನಲ್ಲಿ ಸೋತ ಮೇಲೆ, 1964ರ ಆಗಸ್ಟಿನಲ್ಲಿ, ಕೋರ್ಟ್ ಮತ್ತೆ ತಡೆ ಕೊಡುವ ಮೊದಲೇ ಕೊಟ್ಟುಬಿಡೋಣ ಅಂತ ಸೂಪರ್‌ವೈಸರುಗಳು ರಾತ್ರೋರಾತ್ರಿ ಬಿಳಿ ಪೋಷಕರಿಗೆ ಗ್ರಾಂಟಿನ ಹಣ ಹಂಚಿದರು. ಬೆಳಗಾಗುವಷ್ಟರಲ್ಲಿ ಮುಗಿಸಿದ್ದರು. ಆಮೇಲೆ ಅಪೀಲು ಕೋರ್ಟ್ ಅದನ್ನು ನ್ಯಾಯಾಂಗ ನಿಂದನೆ ಅಂದಿತು.

ರ್‍ಯಾಲಿ_ಕಿರಣ:

ಹಗಲಲ್ಲಿ ಶಾಲೆಗೆ ಕಾಸಿಲ್ಲ, ರಾತ್ರಿ ಚೆಕ್ಕು ರೆಡಿ. ಭಲೇ.

ತುಮಕೂರು_ಮೇಷ್ಟ್ರು:

ಮತ್ತೆ ತೆರೆದ ಮೇಲೆ? ಎಲ್ಲ ಸರಿ ಹೋಯಿತಾ?

ರಿಚ್‌ಮಂಡ್_ರಾಘು:

ಮ್ಯೂಸಿಯಂನಲ್ಲಿ ತಿಳಿದದ್ದು, ಆಮೇಲೆ ಓದಿದ್ದು ಸೇರಿಸಿ ಹೇಳುತ್ತೇನೆ ಮೇಷ್ಟ್ರೇ.

ಕೋರ್ಟ್ ತೀರ್ಪಿಗಿಂತ ಎಂಟು ತಿಂಗಳು ಮೊದಲೇ, 1963ರ ಸೆಪ್ಟೆಂಬರಿನಲ್ಲಿ ಫ್ರೀ ಸ್ಕೂಲ್ ಶುರುವಾಯಿತು. ಕೆನಡಿ ಸರ್ಕಾರ ಬೆನ್ನು ಹತ್ತಿ ಖಾಸಗಿ ದೇಣಿಗೆ ಕೂಡಿಸಿ ಮಾಡಿಸಿದ್ದು. ಅಟಾರ್ನಿ ಜನರಲ್ ಆಗಿದ್ದ ರಾಬರ್ಟ್ ಕೆನಡಿ ಅದೇ ವರ್ಷ ಭಾಷಣದಲ್ಲಿ, ಉಚಿತ ಸರ್ಕಾರಿ ಶಿಕ್ಷಣ ಇಲ್ಲದ ಜಾಗಗಳ ಪಟ್ಟಿ ಓದಿದ್ದರು: ಚೀನಾ, ಉತ್ತರ ವಿಯೆಟ್ನಾಂ, ಇನ್ನೂ ಮೂರು ಜಾಗ, ಕೊನೆಗೆ ವರ್ಜೀನಿಯಾದ ಪ್ರಿನ್ಸ್ ಎಡ್ವರ್ಡ್ ಕೌಂಟಿ. ನ್ಯೂಯಾರ್ಕಿನ ಲಾಂಗ್ ಐಲೆಂಡ್‌ನಿಂದ ನೀಲ್ ಸಲಿವನ್ ಅನ್ನುವವರು ಬಂದು ನಡೆಸಿದರು. ಸುಮಾರು 1,500 ಮಕ್ಕಳು ಬಂದರು. ಬಿಳಿ ಮಕ್ಕಳು ಬೆರಳೆಣಿಕೆಯಷ್ಟು. ಯಾವ ವಯಸ್ಸಿಗೆ ಯಾವ ಕ್ಲಾಸು ಅಂತ ಹೇಳಲು ಆಗದೇ ಕ್ಲಾಸುಗಳನ್ನೇ ತೆಗೆದು, ಎಷ್ಟು ಬರುತ್ತದೆ ಅಂತ ನೋಡಿ ಗುಂಪು ಮಾಡಿದರಂತೆ. 1964ರ ಮೇ ತಿಂಗಳಲ್ಲಿ ರಾಬರ್ಟ್ ಕೆನಡಿ ಬಂದಾಗ, ಆಗಷ್ಟೇ ಸತ್ತಿದ್ದ ಅವರ ಅಣ್ಣ, ಅಧ್ಯಕ್ಷ ಜಾನ್ ಕೆನಡಿ ನೆನಪಿನ ಲೈಬ್ರರಿಗೆ ಅಂತ ಮಕ್ಕಳು ಪೆನ್ನಿ ಪೆನ್ನಿ ಕೂಡಿಸಿ ಕೊಟ್ಟರು.

1964ರ ಸೆಪ್ಟೆಂಬರಿನಲ್ಲಿ ಸರ್ಕಾರಿ ಶಾಲೆಗಳು ತೆರೆದವು. ಬಿಳಿ ಮಕ್ಕಳು ಅಕಾಡೆಮಿ ಬಿಟ್ಟು ಬರಲಿಲ್ಲ. ಬಹಳ ವರ್ಷ ಹಾಗೇ. ಅಕಾಡೆಮಿ ಕಪ್ಪು ಮಕ್ಕಳನ್ನು ಸೇರಿಸಿಕೊಂಡಿದ್ದು 1980ರ ದಶಕದಲ್ಲಿ, ಅದೂ ಟ್ಯಾಕ್ಸ್ ವಿನಾಯಿತಿ ಕಳೆದುಕೊಂಡ ಮೇಲೆ. ಈಗ ಅದರ ಹೆಸರು ಫ್ಯೂಕ್ವಾ ಸ್ಕೂಲ್.

2003ರಲ್ಲಿ ಶಾಲೆ ತಪ್ಪಿದವರಿಗೆ ಗೌರವ ಡಿಪ್ಲೊಮಾ ಕೊಟ್ಟರು. ಐವತ್ತು ಅರವತ್ತು ದಾಟಿದವರು ಗೌನು, ಟೋಪಿ ಹಾಕಿಕೊಂಡು ಬಂದರು. ಮರುವರ್ಷ ರಾಜ್ಯ ಹತ್ತು ಲಕ್ಷ ಡಾಲರ್ ಇಟ್ಟು ಅವರಿಗೆ ಓದಲು ಸ್ಕಾಲರ್‌ಶಿಪ್ ಮಾಡಿತು. ಜಾನ್ ಕ್ಲೂಗಿ ಅನ್ನುವ ಶ್ರೀಮಂತರು ಇನ್ನು ಹತ್ತು ಲಕ್ಷ ಸೇರಿಸಿದರು. ಅದಕ್ಕಾಗಿ ಹಟ ಹಿಡಿದು ಬರೆದವರು ಫಾರ್ಮ್‌ವಿಲ್ ಹೆರಾಲ್ಡ್ ಪತ್ರಿಕೆಯ ಸಂಪಾದಕ ಕೆನ್ ವುಡ್ಲಿ. ಐವತ್ತರ ದಶಕದಲ್ಲಿ ಶಾಲೆ ಮುಚ್ಚಿ ಅಂತ ಬರೆಯುತ್ತಿದ್ದದ್ದೂ ಅದೇ ಪತ್ರಿಕೆ. ಇದು ನನಗೆ ಹಿಡಿಸಿತು.

ಲಾಯರ್_ಲತಾ:

ಒಂದು ಸೇರಿಸುತ್ತೇನೆ. 1971ರಲ್ಲಿ ವರ್ಜೀನಿಯಾ ಹೊಸ ಸಂವಿಧಾನ ಬರೆದುಕೊಂಡಾಗ ಶಿಕ್ಷಣದ ಭಾಗವನ್ನು ಬಿಗಿ ಮಾಡಿದರು. ರಾಜ್ಯ ಶಾಸನಸಭೆ ಶಾಲೆ ನಡೆಯುವಂತೆ ನೋಡಿಕೊಳ್ಳಲೇಬೇಕು, ಕೌಂಟಿ ತನ್ನ ಪಾಲಿನ ಹಣ ಇಡಲೇಬೇಕು. ಮೇಷ್ಟ್ರೇ, ನೀವು ಮೊದಲು ಕೇಳಿದಿರಲ್ಲ, ಕೌಂಟಿ ಹೇಗೆ ಮುಚ್ಚಿತು ಅಂತ. ಆ ಕಿಂಡಿಗೆ ಗಾರೆ ಹಾಕಿದ್ದು ಅವತ್ತು.

ವಾಷಿಂಗ್ಟನ್‌ನ ಕ್ಯಾಪಿಟಲ್ ಕಟ್ಟಡದಲ್ಲಿ ಪ್ರತಿ ರಾಜ್ಯಕ್ಕೂ ಎರಡು ಪ್ರತಿಮೆ ಇಡುವ ಅವಕಾಶ. ವರ್ಜೀನಿಯಾದ್ದು ಒಂದು ಜಾರ್ಜ್ ವಾಷಿಂಗ್ಟನ್, ಇನ್ನೊಂದು ಜನರಲ್ ಲೀ. 2020ರ ಡಿಸೆಂಬರಿನಲ್ಲಿ ಲೀಯನ್ನು ತೆಗೆದರು. ಆ ಜಾಗಕ್ಕೆ ಆಯ್ಕೆ ಆದದ್ದು ಬಾರ್ಬರಾ ಜಾನ್ಸ್.

ಮಲ್ನಾಡ್_ಮಂಜ:

ಮುಂದಿನ ಶನಿವಾರ ಮತ್ತೆ ಸೈಕಲ್ ಹೊರಡುತ್ತಿದೆ. ನಾಲ್ಕು ಜನ ಇದ್ದೇವೆ. ಮ್ಯೂಸಿಯಂಗೆ ಎಷ್ಟು ಹೊತ್ತು ಬೇಕು ರಾಘು ಸರ್?

ರಿಚ್‌ಮಂಡ್_ರಾಘು:

ಎರಡು ಗಂಟೆ ಇಟ್ಟುಕೊಳ್ಳಿ. ಹೊರಡುವ ಮೊದಲು ತೆರೆದಿದೆಯಾ ಅಂತ ಒಂದು ಫೋನ್ ಮಾಡಿ.

ನೇರನುಡಿ:

ಮಂಜು, ಗಾಡಿಯಲ್ಲಿ ಐದನೇ ಸೀಟು ಖಾಲಿ ಇದೆಯಾ? ಸೈಕಲ್ ನನಗೆ ಆಗುವುದಿಲ್ಲ. ನನ್ನನ್ನು ಮ್ಯೂಸಿಯಂ ಹತ್ತಿರ ಇಳಿಸಿ ಹೋಗಿ.